ಚಕ್ರವರ್ತಿಯ ಕೆಂಪು ಶಾಯಿ, ರೋಮಿನ ಮೊಹರು

ಪ್ರಶ್ನೆ: ಚೀನಾದ ಕಾಂಗ್‌ಷಿ ಚಕ್ರವರ್ತಿ 1692ರಲ್ಲಿ ಕ್ರೈಸ್ತ ಧರ್ಮಕ್ಕೆ ಒಪ್ಪಿಗೆ ಕೊಟ್ಟ, ಅದೇ ಚಕ್ರವರ್ತಿ 1721ರಲ್ಲಿ ಬೇಡ ಅಂದ ಎಂದು ಓದಿದೆ. ನಡುವೆ ಏನಾಯಿತು? ಆತನ ಬಗ್ಗೆ ಬರೆದ ಜೊನಾಥನ್ ಸ್ಪೆನ್ಸ್ ಎಂಬ ಇತಿಹಾಸಕಾರರು ಚಕ್ರವರ್ತಿಯೇ ಮಾತಾಡಿದ ಹಾಗೆ 'ನಾನು, ನಾನು' ಎಂದು ಇಡೀ ಪುಸ್ತಕ ಬರೆದಿದ್ದಾರಂತೆ. ಅದನ್ನು ಇತಿಹಾಸ ಅನ್ನಬಹುದಾ? ಅವರೇ ಪಾದ್ರಿಗಳ ಬಗ್ಗೆಯೂ ಅಷ್ಟೊಂದು ಬರೆದದ್ದು ಯಾಕೆ? ಕೊನೆಗೆ ರೋಮ್ ತನ್ನ ಮಾತು ಬದಲಿಸಿತೇ?

ಉತ್ತರ: ಸ್ಪೆನ್ಸ್ ಅವರಿಂದಲೇ ಶುರು ಮಾಡುತ್ತೇನೆ. ಅವರು ಎರಡೂ ಕಡೆ ಕಾಲಿಟ್ಟದ್ದು ಯಾಕೆ ಅಂತ ಗೊತ್ತಾದರೆ ಮಿಕ್ಕಿದ್ದು ಸುಲಭ.

ಸ್ಪೆನ್ಸ್ 1936ರಲ್ಲಿ ಇಂಗ್ಲೆಂಡಿನಲ್ಲಿ ಹುಟ್ಟಿದರು. ಅಮೆರಿಕದ ಯೇಲ್ ವಿಶ್ವವಿದ್ಯಾಲಯಕ್ಕೆ ಓದಲು ಹೋದವರು ಅಲ್ಲೇ ನಾಲ್ಕು ದಶಕ ಪಾಠ ಮಾಡಿದರು. 2021ರ ಡಿಸೆಂಬರಿನಲ್ಲಿ ತೀರಿಕೊಂಡರು. ಅವರ ಚೀನೀ ಹೆಸರು ಷಿ ಜಿಂಗ್‌ಚಿಯನ್. ಎರಡು ಸಾವಿರ ವರ್ಷ ಹಿಂದಿನ ಇತಿಹಾಸಕಾರ ಸಿಮಾ ಚಿಯನ್‌ನನ್ನು ಮೆಚ್ಚಿದವನು ಎಂಬ ಅರ್ಥ ಅದರಲ್ಲಿದೆ. 1966ರಲ್ಲಿ ಬಂದ ಅವರ ಮೊದಲ ಪುಸ್ತಕ ಛಾವ್ ಯಿನ್ ಎಂಬಾತನ ಬಗ್ಗೆ. ಈತ ಕಾಂಗ್‌ಷಿಯ ಮನೆಯಾಳುಗಳ ಕುಲದವನು. ದಕ್ಷಿಣದ ನಾನ್‌ಜಿಂಗ್‌ನಲ್ಲಿ ಅರಮನೆಗೆ ರೇಷ್ಮೆ ನೇಯಿಸುವ ಕಾರ್ಖಾನೆ ನೋಡಿಕೊಳ್ಳುತ್ತಿದ್ದ. ಜೊತೆಗೆ ಊರಿನ ಸುದ್ದಿಯನ್ನೆಲ್ಲ ಗುಟ್ಟಾಗಿ ಒಡೆಯನಿಗೆ ಬರೆದು ಕಳಿಸುತ್ತಿದ್ದ. ಮಳೆ ಎಷ್ಟಾಯಿತು, ಅಕ್ಕಿ ಬೆಲೆ ಎಷ್ಟು, ಯಾವ ಅಧಿಕಾರಿ ಲಂಚ ತಿನ್ನುತ್ತಾನೆ, ಎಲ್ಲವನ್ನೂ.

ಈ ಗುಟ್ಟಿನ ಕಾಗದಗಳೇ ನಮ್ಮ ಕಥೆಯ ಬೇರು. ಸಾಮಾನ್ಯವಾಗಿ ಅರಮನೆಗೆ ಬರುವ ಅರ್ಜಿ ಹತ್ತಾರು ಗುಮಾಸ್ತರ ಕೈ ದಾಟಿ ಬರುತ್ತಿತ್ತು. ಇವು ಹಾಗಲ್ಲ, ನೇರವಾಗಿ ಚಕ್ರವರ್ತಿಯ ಕೈಗೆ. ಆತ ಓದಿ, ಅದೇ ಹಾಳೆಯ ಸಾಲುಗಳ ನಡುವೆ ಸ್ವಂತ ಕೈಯಿಂದ ಕೆಂಪು ಶಾಯಿಯಲ್ಲಿ ಉತ್ತರ ಬರೆದು ವಾಪಸ್ ಕಳಿಸುತ್ತಿದ್ದ. ಕಾಂಗ್‌ಷಿ ಸತ್ತ ಮೇಲೆ ಮಗ ಯೊಂಗ್‌ಜೆಂಗ್ ಪಟ್ಟಕ್ಕೆ ಬಂದ. ಬಂದವನೇ ಅಪ್ಪನ ಕೆಂಪು ಅಕ್ಷರ ಇರುವ ಕಾಗದಗಳನ್ನೆಲ್ಲ ಅರಮನೆಗೆ ಹಿಂದಿರುಗಿಸಬೇಕು ಅಂತ ಹುಕುಂ ಹೊರಡಿಸಿದ. ಯಾರ ಮನೆಯಲ್ಲಿ ಯಾವ ಗುಟ್ಟು ಉಳಿದಿದೆಯೋ ಎಂಬ ಭಯ ಅವನಿಗೆ. ಆ ಭಯದಿಂದ ಲಾಭ ಆಗಿದ್ದು ನಮಗೆ. ಎಲ್ಲ ಒಂದೇ ಕಡೆ ಉಳಿಯಿತು. ಸಾಮ್ರಾಜ್ಯ ಬಿದ್ದ ಮೇಲೆ, ಇಪ್ಪತ್ತನೇ ಶತಮಾನದಲ್ಲಿ, ಪೆಟ್ಟಿಗೆಗಳನ್ನು ತೆರೆದಾಗ ಇತಿಹಾಸಕಾರರ ಕೈಗೆ ಸಿಕ್ಕಿತು.

ಅದೇ ಕಾಲದಲ್ಲಿ ಅದೇ ಅರಮನೆಯಲ್ಲಿ ಕೂತು ಇನ್ನೊಂದು ಗುಂಪು ಬರೆಯುತ್ತಿತ್ತು. ಅವರು ಜೆಸುಯಿಟ್ ಎಂಬ ಕ್ಯಾಥೊಲಿಕ್ ಸಂಘದ ಪಾದ್ರಿಗಳು. ಅವರ ಕಾಗದ ಹೋಗುತ್ತಿದ್ದುದು ರೋಮ್‌ಗೆ, ಲಿಸ್ಬನ್‌ಗೆ, ಪ್ಯಾರಿಸ್‌ಗೆ. ಒಂದೇ ಭೇಟಿ, ಎರಡು ಕಡತ. ಚಕ್ರವರ್ತಿ ನಕ್ಕ ಅಂತ ಪಾದ್ರಿ ಬರೆದಿದ್ದರೆ, ಆ ದಿನ ಚಕ್ರವರ್ತಿ ಕೆಂಪು ಶಾಯಿಯಲ್ಲಿ ಏನು ಬರೆದ ಅಂತ ನೋಡಬಹುದು. ಎಷ್ಟೋ ಸಲ ಎರಡೂ ತಾಳೆಯಾಗುವುದಿಲ್ಲ. ಸ್ಪೆನ್ಸ್ ಮನಸ್ಸು ಹೋದದ್ದು ಆ ತಾಳೆಯಾಗದ ಜಾಗಗಳಿಗೆ ಎಂದು ನನ್ನ ಲೆಕ್ಕ. ಹಾಗಾಗಿ ಚಕ್ರವರ್ತಿ ಮತ್ತು ಪಾದ್ರಿ ಅವರಿಗೆ ಬೇರೆ ಬೇರೆ ವಿಷಯ ಆಗಿರಲಿಲ್ಲ.

ಇನ್ನು ಆ 'ನಾನು'. 1974ರಲ್ಲಿ ಬಂದ ಆ ಪುಸ್ತಕದಲ್ಲಿ ಕಾಂಗ್‌ಷಿ ತನ್ನ ಬೇಟೆ, ಆಡಳಿತ, ಓದು, ಮುಪ್ಪು, ಮಕ್ಕಳು ಎಂದು ಒಂದೊಂದಾಗಿ ಹೇಳಿಕೊಳ್ಳುತ್ತಾ ಹೋಗುತ್ತಾನೆ. ಇದು ಕಾದಂಬರಿಯ ಹಾಗೆ ಕಟ್ಟಿದ ಮಾತಲ್ಲ. ಆತನ ಆಜ್ಞೆ, ಕಾಗದ, ಕೆಂಪು ಟಿಪ್ಪಣಿ, ಮಕ್ಕಳು ಬರೆದಿಟ್ಟುಕೊಂಡ ಮಾತು, ಇವುಗಳಿಂದಲೇ ಆರಿಸಿ ಹೆಣೆದದ್ದು. 1697ರಲ್ಲಿ ಗಾಲ್ದಾನ್ ಎಂಬ ಮಂಗೋಲ್ ನಾಯಕನ ಮೇಲೆ ದಂಡೆತ್ತಿ ಹೋದಾಗ ಅರಮನೆಯ ನಪುಂಸಕ ಸೇವಕನೊಬ್ಬನಿಗೆ ಬರೆದ 17 ಕಾಗದಗಳೂ ಅದರಲ್ಲಿವೆ. ಓದಿದರೆ ಊರಿಂದ ದೂರ ಹೋದ ಯಜಮಾನ ಮನೆಗೆ ಬರೆದ ಹಾಗಿದೆ.

ಆದರೆ ತಕರಾರು ಇದೆ, ಅದು ನ್ಯಾಯವಾದದ್ದೇ. ಕಾಂಗ್‌ಷಿ ಪಟ್ಟಕ್ಕೆ ಬಂದದ್ದು 1661ರಲ್ಲಿ, ಏಳನೇ ವರ್ಷದಲ್ಲಿ. ಸತ್ತದ್ದು 1722ರಲ್ಲಿ. 61 ವರ್ಷದ ಮಾತುಗಳನ್ನು ಒಂದೇ ಬಾಯಲ್ಲಿ ಹಾಕಿದರೆ ಇಪ್ಪತ್ತರ ಹುಡುಗನ ಸಾಲಿನ ಪಕ್ಕ ಅರವತ್ತರ ಮುದುಕನ ಸಾಲು ಬಂದು ಕೂರುತ್ತದೆ. ಓದುವವನಿಗೆ ಅದು ಗೊತ್ತಾಗುವುದಿಲ್ಲ. ನಿಮ್ಮ ಪ್ರಶ್ನೆಯೇ ನೋಡಿ, '1692ರಿಂದ 1721ರ ನಡುವೆ ಮನಸ್ಸು ಹೇಗೆ ತಿರುಗಿತು' ಎಂಬುದು. ಅದಕ್ಕೆ ಆ ಪುಸ್ತಕ ಮಾತ್ರ ಓದಿದರೆ ಉತ್ತರ ಸಿಗದು. ಮನುಷ್ಯನ ಗುರುತು ಸಿಗಬೇಕು ಅಂದರೆ ಅದನ್ನೇ ಓದಿ. ತಾರೀಖು ಬೇಕು ಅಂದರೆ ಹಿಂದಿನ ಟಿಪ್ಪಣಿ ಬಿಚ್ಚಿ. ಇತಿಹಾಸವೇ ಹೌದು, ಆದರೆ ಚಿತ್ರ ಬರೆದ ಹಾಗೆ ಬರೆದ ಇತಿಹಾಸ.

ಈಗ ಕಥೆಗೆ ಬರೋಣ. ತಾರೀಖಿನ ಸಮೇತ.

ಚೀನಾದ ಒಳಗೆ ಕಾಲೂರಿದ ಜೆಸುಯಿಟ್‌ಗಳಲ್ಲಿ ದೊಡ್ಡ ಹೆಸರು ಮತ್ತೆಯೊ ರಿಚ್ಚಿ, ಇಟಲಿಯವನು. 1578ರಲ್ಲಿ ಗೋವೆಗೆ ಬಂದು, ಕೊಚ್ಚಿಯಲ್ಲಿ ದೀಕ್ಷೆ ಪಡೆದು, 1583ರಲ್ಲಿ ಜೊತೆಗಾರ ರುಜ್ಜಿಯೇರಿಯ ಸಂಗಡ ದಕ್ಷಿಣ ಚೀನಾದ ಝಾವ್‌ಚಿಂಗ್ ಸೇರಿದ. ಮೊದಲು ಬೌದ್ಧ ಭಿಕ್ಷುವಿನ ಹಾಗೆ ತಲೆ ಬೋಳಿಸಿಕೊಂಡಿದ್ದ. ಚೀನಾದಲ್ಲಿ ಭಿಕ್ಷುಗಳಿಗೆ ಅಂಥ ಮರ್ಯಾದೆ ಇಲ್ಲ, ಮರ್ಯಾದೆ ಇರುವುದು ಕನ್‌ಫ್ಯೂಷಿಯಸ್ ಓದಿದ ಪಂಡಿತರಿಗೆ ಅಂತ ಆಮೇಲೆ ತಿಳಿಯಿತು. 1595ರಲ್ಲಿ ಗಡ್ಡ ಬಿಟ್ಟು ರೇಷ್ಮೆ ನಿಲುವಂಗಿ ತೊಟ್ಟ. 1601ರಲ್ಲಿ ಬೀಜಿಂಗ್‌ಗೆ ಬಂದ. ಕೈಯಲ್ಲಿ ಗಂಟೆ ಹೊಡೆಯುವ ಗಡಿಯಾರ. ಆಗಿನ ಮಿಂಗ್ ಚಕ್ರವರ್ತಿ ವಾನ್‌ಲಿ ಆತನನ್ನು ಎದುರಿಗೆ ಒಮ್ಮೆಯೂ ನೋಡಲಿಲ್ಲ, ಗಡಿಯಾರ ಮಾತ್ರ ಇಟ್ಟುಕೊಂಡ. ಮುಂದಿನ ಇನ್ನೂರು ವರ್ಷ ಹೆಚ್ಚು ಕಡಿಮೆ ಇದೇ ನಡೆಯಿತು ಅನ್ನಬಹುದು. ಪಾದ್ರಿಗಳು ವಿದ್ಯೆಯನ್ನು ಗಾಳದ ಎರೆಯ ಹಾಗೆ ತಂದರು. ಚೀನಾ ಎರೆ ತಿಂದು ಗಾಳ ಬಿಟ್ಟಿತು. ಸ್ಪೆನ್ಸ್ 1969ರಲ್ಲಿ, ಚೀನಾಕ್ಕೆ ಬುದ್ಧಿ ಹೇಳಲು ಹೋದ ಪಶ್ಚಿಮದವರ ಬಗ್ಗೆ ಬರೆದಾಗ, ಈ ಎಳೆಯನ್ನು 1620ರಿಂದ 1960ರವರೆಗೆ ಎಳೆದು ತೋರಿಸಿದ್ದಾರೆ.

ರಿಚ್ಚಿ ಇನ್ನೊಂದು ತೀರ್ಮಾನ ಮಾಡಿದ. ಎಲ್ಲ ಜಗಳಕ್ಕೂ ಮೂಲ ಅದು. ಚೀನೀಯರು ಸತ್ತ ಹಿರಿಯರ ಹೆಸರು ಬರೆದ ಮರದ ಫಲಕದ ಮುಂದೆ ಊದುಬತ್ತಿ ಹಚ್ಚಿ, ಊಟ ಇಟ್ಟು, ನೆಲಕ್ಕೆ ತಲೆ ಮುಟ್ಟಿಸುತ್ತಾರೆ. ಮಾರ್ನಮಿಗೆ ನಮ್ಮಲ್ಲಿ ಹಿರಿಯರಿಗೆ ಎಡೆ ಇಡುತ್ತಾರಲ್ಲ, ಆ ಜಾತಿಯದೇ. ಓದಿದವರು ಕನ್‌ಫ್ಯೂಷಿಯಸ್‌ಗೂ ಹೀಗೇ ಮಾಡುತ್ತಾರೆ. ಇದು ಪೂಜೆಯೋ, ಮರ್ಯಾದೆಯೋ? ಪೂಜೆ ಆದರೆ ಕ್ರೈಸ್ತನಾದವನು ಮಾಡುವಂತಿಲ್ಲ. ಮರ್ಯಾದೆ ಆದರೆ ಮಾಡಬಹುದು. ಮರ್ಯಾದೆ ಅಂದ ರಿಚ್ಚಿ. ದೇವರಿಗೆ ಹೆಸರು ಬೇಕಾದಾಗ ಹಳೆಯ ಗ್ರಂಥಗಳಲ್ಲಿದ್ದ 'ತಿಯನ್' (ಆಕಾಶ, ಮೇಲಿನದು), 'ಶಾಂಗ್‌ದಿ' (ಮೇಲಿನ ಒಡೆಯ) ಎಂಬ ಮಾತುಗಳೂ ನಡೆಯುತ್ತವೆ ಅಂದ.

ಆಮೇಲೆ ಬಂದ ಡೊಮಿನಿಕನ್, ಫ್ರಾನ್ಸಿಸ್ಕನ್ ಎಂಬ ಬೇರೆ ಕ್ಯಾಥೊಲಿಕ್ ಸಂಘಗಳ ಪಾದ್ರಿಗಳು ಇದನ್ನು ಒಪ್ಪಲಿಲ್ಲ. ಅವರನ್ನು ಸುಮ್ನೆ ಹಟಮಾರಿಗಳು ಅಂತ ತಳ್ಳಿಹಾಕುವುದು ಸರಿಯಲ್ಲ. ಜೆಸುಯಿಟ್‌ಗಳ ಒಡನಾಟ ಬೀಜಿಂಗಿನ ಪಂಡಿತರ ಜೊತೆ. 'ಫಲಕದಲ್ಲಿ ಆತ್ಮ ಬಂದು ಕೂರುತ್ತದಾ?' ಅಂದರೆ ಪಂಡಿತ ನಗುತ್ತಿದ್ದ, ನೆನಪಿಗಾಗಿ ಅನ್ನುತ್ತಿದ್ದ. ಡೊಮಿನಿಕನ್‌ರು ಇದ್ದದ್ದು ಫೂಜಿಯನ್‌ನ ಹಳ್ಳಿಗಳಲ್ಲಿ. ಅಲ್ಲಿನ ಮುದುಕಿಗೆ ಗಂಡನ ಆತ್ಮ ಆ ಫಲಕದಲ್ಲೇ ಇತ್ತು. ಫಲಕದ ಮೇಲೆ 'ಆತ್ಮದ ಆಸನ' ಅಂತ ಬರೆದೂ ಇರುತ್ತಿತ್ತು. ಇಬ್ಬರೂ ಕಂಡದ್ದನ್ನೇ ಹೇಳಿದರು. ರೋಮ್ ಕೂಡ ಕೇಳಿದ್ದಕ್ಕೆ ತಕ್ಕ ಹಾಗೆ ತೀರ್ಪು ಕೊಟ್ಟಿತು. 1645ರಲ್ಲಿ ಡೊಮಿನಿಕನ್‌ರ ವರದಿ ನೋಡಿ ಬೇಡ ಅಂದಿತು. 1656ರಲ್ಲಿ ಜೆಸುಯಿಟ್‌ರ ವರದಿ ನೋಡಿ ಆಗಬಹುದು ಅಂದಿತು.

ಇಷ್ಟರಲ್ಲಿ ಚೀನಾದಲ್ಲಿ ಒಡೆಯರೇ ಬದಲಾದರು. 1644ರಲ್ಲಿ ಮಂಚೂಗಳು ಬೀಜಿಂಗ್ ಹಿಡಿದು ಚಿಂಗ್ ವಂಶ ಕಟ್ಟಿದರು. ಅವರೂ ಹೊರಗಿನವರು, ಸಂಖ್ಯೆಯಲ್ಲಿ ಕಡಿಮೆ. ಇದನ್ನು ಮರೆತರೆ ಕಾಂಗ್‌ಷಿ ಅರ್ಥ ಆಗುವುದಿಲ್ಲ. ಹೊಸ ವಂಶಕ್ಕೆ ಮೊದಲು ಬೇಕಾದದ್ದು ತಪ್ಪಿಲ್ಲದ ಪಂಚಾಂಗ. ಗ್ರಹಣ ಯಾವಾಗ ಅಂತ ಸರಿಯಾಗಿ ಹೇಳಲಾರದ ದೊರೆಗೆ ಮೇಲಿನ ಒಪ್ಪಿಗೆ ಇಲ್ಲ ಅಂತ ಜನ ಅಂದುಕೊಳ್ಳುತ್ತಾರೆ. ಆಡಮ್ ಶಾಲ್ ಎಂಬ ಜರ್ಮನ್ ಜೆಸುಯಿಟ್ ಖಗೋಳ ಕಚೇರಿಯ ಮುಖ್ಯಸ್ಥನಾದ. ಕಾಂಗ್‌ಷಿಯ ಅಪ್ಪ ಶುನ್‌ಜಿ ಆತನನ್ನು ಮಂಚೂ ಭಾಷೆಯಲ್ಲಿ 'ಮಾಫಾ', ಅಂದರೆ ತಾತ, ಅಂತ ಕರೆಯುತ್ತಿದ್ದ.

ತಾತನ ಕಾಲ ಬೇಗ ಮುಗಿಯಿತು. 1664ರಲ್ಲಿ ಯಾಂಗ್ ಗುವಾಂಗ್‌ಷಿಯನ್ ಎಂಬ ಪಂಡಿತ ದೂರು ಕೊಟ್ಟ. ರಾಜಕುಮಾರನೊಬ್ಬನ ಶವಸಂಸ್ಕಾರಕ್ಕೆ ಕೆಟ್ಟ ಗಳಿಗೆ ಇಟ್ಟುಕೊಟ್ಟರು ಎಂಬುದೂ ಅದರಲ್ಲಿ ಒಂದು. ಶಾಲ್‌ಗೆ ಮರಣದಂಡನೆ ಆಯಿತು. ಅಷ್ಟರಲ್ಲಿ 1665ರ ಏಪ್ರಿಲಿನಲ್ಲಿ ಬೀಜಿಂಗ್‌ನಲ್ಲಿ ಭೂಮಿ ನಡುಗಿತು, ಅಪಶಕುನ ಅಂತ ಬಿಟ್ಟರು. ಕಚೇರಿಯ ಐವರು ಚೀನೀ ಕ್ರೈಸ್ತರ ತಲೆ ಹೋಯಿತು. ಪಾದ್ರಿ ಉಳಿದ, ಊರವರು ಸತ್ತರು. ಇದು ಈ ಕಥೆಯಲ್ಲಿ ಮುಂದೆಯೂ ಬರುತ್ತದೆ.

1668ರ ಕೊನೆಗೆ ಹದಿನಾಲ್ಕರ ಹುಡುಗ ಕಾಂಗ್‌ಷಿ ಒಂದು ಪರೀಕ್ಷೆ ಇಟ್ಟ. ನೆಟ್ಟ ಕೋಲಿನ ನೆರಳು ಮಧ್ಯಾಹ್ನ ಎಲ್ಲಿಗೆ ಬರುತ್ತದೆ, ಮೊದಲೇ ಹೇಳಿ. ಫರ್ಡಿನಾಂಡ್ ವರ್ಬೀಸ್ಟ್ ಎಂಬ ಜೆಸುಯಿಟ್ ಹೇಳಿದ ಗೆರೆಗೆ ನೆರಳು ಬಂತು. ಎದುರಾಳಿಗಳದು ತಪ್ಪಿತು. ಅಲ್ಲಿಂದ ಪಾದ್ರಿಗಳ ದೆಸೆ ತಿರುಗಿತು. ವರ್ಬೀಸ್ಟ್ ದಕ್ಷಿಣದ ದಂಗೆ ಅಡಗಿಸಲು ಫಿರಂಗಿ ಎರಕ ಹೊಯ್ದುಕೊಟ್ಟ. 1689ರಲ್ಲಿ ರಷ್ಯದ ಜೊತೆ ನೆರ್ಚಿನ್‌ಸ್ಕ್ ಒಪ್ಪಂದ ಆದಾಗ ಪೆರೇರಾ, ಜೆರ್ಬಿಯೋನ್ ಎಂಬಿಬ್ಬರು ಜೆಸುಯಿಟ್‌ರು ದುಭಾಷಿಗಳು. ಒಪ್ಪಂದದ ಮುಖ್ಯ ಪ್ರತಿ ಲ್ಯಾಟಿನ್‌ನಲ್ಲಿತ್ತು ಅಂದರೆ ನೋಡಿ!

ಈಗ ನಿಮ್ಮ 1692. ಹಿಂದಿನ ವರ್ಷ ಹಾಂಗ್‌ಝೌ ಊರಿನಲ್ಲಿ ಪ್ರಾಂತ್ಯದ ಅಧಿಕಾರಿ ಕ್ರೈಸ್ತರಿಗೆ ಕಿರುಕುಳ ಕೊಟ್ಟಿದ್ದ. ಬೀಜಿಂಗಿನ ಪಾದ್ರಿಗಳು ದೂರಿದರು. ಆಗ ಹೊರಟ ಆಜ್ಞೆ ಹೆಚ್ಚು ಕಡಿಮೆ ಹೀಗಿದೆ: ಈ ಪಶ್ಚಿಮದವರು ಪಂಚಾಂಗ ಮಾಡಿಕೊಟ್ಟಿದ್ದಾರೆ, ಫಿರಂಗಿ ಮಾಡಿಕೊಟ್ಟಿದ್ದಾರೆ, ರಷ್ಯದ ವಿಷಯದಲ್ಲಿ ದುಡಿದಿದ್ದಾರೆ. ತಂಟೆ ಮಾಡಿಲ್ಲ. ಲಾಮಾಗಳ ಗುಡಿಗೆ, ಬೌದ್ಧರ, ದಾವ್ ಪಂಥದವರ ಗುಡಿಗೆ ಜನ ಹೋಗಿ ಊದುಬತ್ತಿ ಹಚ್ಚಬಹುದಾದರೆ ಇವರದಕ್ಕೆ ಮಾತ್ರ ಯಾಕೆ ತಡೆ?

ಯುರೋಪಿನಲ್ಲಿ ಇದನ್ನು ಓದಿ ಕುಣಿದಾಡಿದರು. ಚಕ್ರವರ್ತಿ ಇನ್ನೇನು ಕ್ರೈಸ್ತನಾಗಿಬಿಡುತ್ತಾನೆ ಅಂದುಕೊಂಡರು. ಆಜ್ಞೆಯ ಮಾತು ಸರಿಯಾಗಿ ನೋಡಿದ್ದರೆ ಹಾಗೆ ಅನ್ನಿಸುತ್ತಿರಲಿಲ್ಲ. ನಿಮ್ಮ ಧರ್ಮ ನಿಜ ಅಂತ ಅದರಲ್ಲಿ ಎಲ್ಲೂ ಇಲ್ಲ. ಕೆಲಸ ಮಾಡಿದ್ದೀರಿ, ಕೂಲಿ ತಗೊಳ್ಳಿ, ಇತರ ಪಂಥಗಳ ಸಾಲಿನಲ್ಲಿ ಕೂತುಕೊಳ್ಳಿ ಅಂತ ಇದೆ. ಮರುವರ್ಷ ಕಾಂಗ್‌ಷಿಗೆ ಮಲೇರಿಯಾ ಬಂದಾಗ ಫ್ರೆಂಚ್ ಜೆಸುಯಿಟ್‌ರು ಸಿಂಕೋನ ತೊಗಟೆಯ ಪುಡಿ ಕೊಟ್ಟು ಗುಣಮಾಡಿದರು. ಅರಮನೆ ಆವರಣದಲ್ಲೇ ಅವರಿಗೆ ಜಾಗ ಸಿಕ್ಕಿತು. ಇದೂ ಕೂಲಿಯೇ.

1700ರ ಹೊತ್ತಿಗೆ ಚೀನಾದಲ್ಲಿ ಸುಮಾರು 2 ಲಕ್ಷ ಕ್ರೈಸ್ತರಿದ್ದರು ಎಂದು ಅಂದಾಜು. ಅಷ್ಟು ದೊಡ್ಡ ದೇಶದಲ್ಲಿ ಅದು ಸಾಸಿವೆಯಷ್ಟು. ಆದರೂ ಜಗಳ ಹತ್ತಿಕೊಂಡಿತು. 1693ರಲ್ಲೇ ಫೂಜಿಯನ್‌ನಲ್ಲಿ ಶಾರ್ಲ್ ಮೇಗ್ರೋ ಎಂಬ ಫ್ರೆಂಚ್ ಧರ್ಮಾಧಿಕಾರಿ ಹಿರಿಯರ ಫಲಕ, ಕನ್‌ಫ್ಯೂಷಿಯಸ್ ಆಚರಣೆ ಎಲ್ಲ ನಿಷೇಧ ಅಂದಿದ್ದ. ಚರ್ಚುಗಳಲ್ಲಿ ತೂಗುಹಾಕಿದ್ದ 'ಜಿಂಗ್ ತಿಯನ್' ಎಂಬ ಹಲಗೆ ಇಳಿಸಿ ಅಂತಲೂ ಹೇಳಿದ. 'ತಿಯನ್‌ಗೆ ಗೌರವ' ಎಂಬರ್ಥದ ಆ ಎರಡು ಅಕ್ಷರ ಬರೆದುಕೊಟ್ಟವನು ಬೇರೆ ಯಾರೂ ಅಲ್ಲ, 1675ರಲ್ಲಿ ಚರ್ಚಿಗೆ ಬಂದಿದ್ದ ಕಾಂಗ್‌ಷಿಯೇ.

ಜೆಸುಯಿಟ್‌ರು ಆಗ ಒಂದು ಉಪಾಯ ಮಾಡಿದರು. ಜಾಣತನ ಅಂದುಕೊಂಡರು, ಅದೇ ಅವರಿಗೆ ತಿರುಗುಬಾಣ ಆಯಿತು. 1700ರ ನವೆಂಬರ್ 30ರಂದು ಕಾಂಗ್‌ಷಿಗೇ ಅರ್ಜಿ ಹಾಕಿದರು. ಕನ್‌ಫ್ಯೂಷಿಯಸ್‌ಗೆ ತಲೆಬಾಗುವುದು ಗುರು ಅಂತ, ಹಿರಿಯರಿಗೆ ಇಡುವುದು ಪ್ರೀತಿ, ನೆನಪಿಗಾಗಿ, ನಾವು ತಿಳಿದದ್ದು ಸರಿಯೇ? ಅದೇ ದಿನ ಉತ್ತರ ಬಂತು. ಬಹಳ ಚೆನ್ನಾಗಿದೆ, ಒಂದಕ್ಷರವೂ ತಿದ್ದುವುದು ಬೇಡ. ಜೆಸುಯಿಟ್‌ರು ಅದನ್ನು ರೋಮ್‌ಗೆ ಕಳಿಸಿದರು. ಚೀನಾದ ಆಚರಣೆಯ ಅರ್ಥ ಚೀನಾದ ದೊರೆಗಿಂತ ಜಾಸ್ತಿ ಯಾರಿಗೆ ಗೊತ್ತು ಎಂಬುದು ಅವರ ವಾದ. ರೋಮಿಗೆ ಕೇಳಿಸಿದ್ದೇ ಬೇರೆ. ಕ್ರೈಸ್ತನಿಗೆ ಏನು ಪಾಪ, ಏನು ಪಾಪ ಅಲ್ಲ ಅಂತ ಹೇಳಲು ಕ್ರೈಸ್ತನೇ ಅಲ್ಲದ ದೊರೆ ಯಾರು?

ನನ್ನ ಮಟ್ಟಿಗೆ ಇಡೀ ಜಗಳ ಇಷ್ಟೇ. ಚೀನೀ ಪ್ರಜೆಯೊಬ್ಬ ತಲೆ ಬಾಗಿಸಿದರೆ ಅದರ ಅರ್ಥ ಏನು ಅಂತ ಹೇಳುವ ಹಕ್ಕು ಯಾರದು? ಅದರಲ್ಲೂ 'ತಿಯನ್' ಎಂಬ ಮಾತು ಕಾಂಗ್‌ಷಿಯ ಸಿಂಹಾಸನದ ಕಾಲೇ ಆಗಿತ್ತು. ಚಕ್ರವರ್ತಿ ಅಂದರೆ ತಿಯನ್‌ನ ಮಗ. ಪ್ರತಿ ಚಳಿಗಾಲದ ಸಂಕ್ರಮಣಕ್ಕೆ ಬೀಜಿಂಗಿನ ಬಲಿಪೀಠದಲ್ಲಿ ತಿಯನ್‌ಗೆ ಬಲಿ ಕೊಡುವ ಹಕ್ಕು ಅವನೊಬ್ಬನಿಗೆ. ಮಂಚೂ ವಂಶದವನು ಚೀನೀಯರನ್ನು ಆಳುವುದೇ ಆ ಮಾತಿನ ಬಲದ ಮೇಲೆ. ಅದರ ಅರ್ಥ ಇದು, ಅದಲ್ಲ ಅಂತ ರೋಮ್‌ನಲ್ಲಿ ಕೂತವರು ತೀರ್ಪು ಕೊಡುತ್ತಾರೆ ಅಂದರೆ ಹೇಗಾಗಬೇಡ?

1704ರ ನವೆಂಬರಿನಲ್ಲಿ ಪೋಪ್ ಹನ್ನೊಂದನೇ ಕ್ಲೆಮೆಂಟ್ ಆಚರಣೆಗಳನ್ನು ನಿಷೇಧಿಸಿದ. ಅದಕ್ಕೆ ಮೊದಲೇ ಒಬ್ಬ ದೂತನನ್ನು ಪೂರ್ವಕ್ಕೆ ಕಳಿಸಿಯಾಗಿತ್ತು. ಶಾರ್ಲ್ ದ ಟೂರ್ನೋನ್, ಟ್ಯೂರಿನ್ ಊರಿನವನು. ಇಲ್ಲಿ ಸ್ವಲ್ಪ ನಮ್ಮ ಕಡೆಗೂ ಬರಬೇಕು. ಈತ ಚೀನಾಕ್ಕೆ ಹೋಗುವ ದಾರಿಯಲ್ಲಿ 1703ರ ನವೆಂಬರಿನಲ್ಲಿ ಪಾಂಡಿಚೇರಿಯಲ್ಲಿ ಇಳಿದ. ಕಾಯಿಲೆ ಬಿದ್ದು ಎಂಟು ತಿಂಗಳು ಅಲ್ಲೇ ಉಳಿದ. ಮಧುರೆ, ಮೈಸೂರು, ಕರ್ನಾಟಿಕ್ ಸೀಮೆಗಳಲ್ಲಿದ್ದ ಜೆಸುಯಿಟ್‌ರು ಆಗ ಸನ್ಯಾಸಿಗಳ ವೇಷದಲ್ಲಿ, ಇಲ್ಲಿನ ರೀತಿ ನೀತಿ ಹಿಡಿದು ಬಾಳುತ್ತಿದ್ದರು. ಟೂರ್ನೋನ್ ಆ ಊರುಗಳಿಗೆ ಹೋಗಿ ನೋಡಲಿಲ್ಲ. 1704ರ ಜೂನ್ 23ರ ತಾರೀಖಿನಲ್ಲಿ ಒಂದು ಆಜ್ಞೆ ಬರೆದ. ಪಿಳ್ಳೈಯಾರ್, ಅಂದರೆ ಗಣೇಶನ ಗುರುತಿರುವ ತಾಳಿ ಕೂಡದು, ಬೂದಿ ಬಳಿಯುವುದು ಕೂಡದು, ಹುಡುಗಿ ದೊಡ್ಡವಳಾದ ಹಬ್ಬ ಕೂಡದು. ಮುಟ್ಟಾದ ಹೆಂಗಸರನ್ನು ಚರ್ಚಿನಿಂದ ಹೊರಗಿಡಬಾರದು, ಕಾಯಿಲೆ ಬಿದ್ದ ಹೊಲೆಯರ ಮನೆಗೆ ಪಾದ್ರಿ ಹೋಗಲೇಬೇಕು. ಕೊನೆಯ ಎರಡನ್ನು ಓದಿದಾಗ ನನಗೆ ಆತನ ಮೇಲಿನ ಸಿಟ್ಟು ಸ್ವಲ್ಪ ಇಳಿಯುತ್ತದೆ. ಸ್ಥಳೀಯ ರೀತಿ ಉಳಿಸಬೇಕು ಅನ್ನುವವರು ಯಾರ ರೀತಿ ಉಳಿಸುತ್ತಿದ್ದರು ಅಂತ ಕೇಳಬೇಕಾಗುತ್ತದೆ.

ಜುಲೈಯಲ್ಲಿ ಹಡಗು ಹತ್ತಿದ. 1705ರ ಡಿಸೆಂಬರ್ 31ರಂದು ಕಾಂಗ್‌ಷಿಯ ಮುಂದೆ ನಿಂತ. ಮೊದಲ ಭೇಟಿ ಚೆನ್ನಾಗೇ ಆಯಿತು. ಆಮೇಲೆ ಕಾಂಗ್‌ಷಿ ಮತ್ತೆ ಮತ್ತೆ ಕೇಳಿದ್ದು ಒಂದೇ: ನೀನು ಬಂದದ್ದು ಯಾಕೆ? ನಿಮ್ಮ ಉಪಕಾರಕ್ಕೆ ಧನ್ಯವಾದ ಹೇಳಲು ಅಂತ ಟೂರ್ನೋನ್ ಜಾರಿಕೊಂಡ. ಇಲ್ಲಿನ ಪಾದ್ರಿಗಳ ಮೇಲೆ ಪೋಪನ ಪರವಾಗಿ ಒಬ್ಬ ಮುಖ್ಯಸ್ಥ ಇರಲಿ ಅಂದ. ಇರಲಿ, ಆದರೆ ವರ್ಷಗಟ್ಟಲೆ ನನ್ನ ಅರಮನೆಯಲ್ಲಿ ಇದ್ದು, ಇಲ್ಲಿನದು ತಿಳಿದವನೇ ಆಗಬೇಕು ಅಂದ ಕಾಂಗ್‌ಷಿ. ಪೋಪನ ಆಳು ಬೇಡ, ನನ್ನ ಆಳಾದರೆ ಸರಿ ಅಂತ ಅರ್ಥ.

1706ರ ಆಗಸ್ಟಿನಲ್ಲಿ ಮೇಗ್ರೋನನ್ನು ಕರೆಸಿದರು. ಜಾಗ ರೆಹೆ, ಚೀನಾದ ಮಹಾಗೋಡೆಯಾಚೆಗಿನ ಬೇಸಿಗೆ ಅರಮನೆ. ಇಪ್ಪತ್ತು ವರ್ಷದಿಂದ ಚೀನಾದಲ್ಲಿದ್ದವನು, ಫೂಜಿಯನ್‌ನ ಆಡುಮಾತು ಬಲ್ಲ, ಆಸ್ಥಾನದ ಮಾತು ಬಾರದು. ದುಭಾಷಿ ಬೇಕಾಯಿತು. ಸಿಂಹಾಸನದ ಹಿಂದೆ ಬರೆದಿದ್ದ ನಾಲ್ಕು ಅಕ್ಷರ ಓದು ಅಂದ ಕಾಂಗ್‌ಷಿ. ಒಂದನ್ನು ಓದಿದ, ಮೂರು ಬರಲಿಲ್ಲ. ಈ ಪ್ರಸಂಗವನ್ನು ಯುರೋಪಿನಲ್ಲಿ ಖುಷಿಯಿಂದ ಹರಡಿದವರು ಜೆಸುಯಿಟ್‌ರು. ಹಾಗಾಗಿ ಸ್ವಲ್ಪ ಉಪ್ಪು ಖಾರ ಸೇರಿರಬಹುದು ಅಂತ ಅನುಮಾನ ಬರುತ್ತದೆ. ಆದರೆ ಕಾಂಗ್‌ಷಿಯ ಕಡತದಲ್ಲೂ ಅದೇ ಇದೆ: ಪೆದ್ದ, ಅಕ್ಷರ ಬಾರದವನು, ಚೀನಾದ ಮಾರ್ಗದ ಬಗ್ಗೆ ಬಾಯಿಗೆ ಬಂದಂತೆ ಆಡುತ್ತಾನೆ. ಎರಡು ಕಡತ ತಾಳೆಯಾದ ಜಾಗ ಇದು. ಸುಮ್ನೆ ಕಟ್ಟಿದ್ದಲ್ಲ.

ಆ ವರ್ಷದ ಕೊನೆಗೆ ಕಾಂಗ್‌ಷಿ 'ಪಿಯಾವ್' ಎಂಬ ಚೀಟಿ ತಂದ. ಪಾದ್ರಿಯ ಹೆಸರು, ವಯಸ್ಸು, ದೇಶ, ಯಾವ ಸಭೆಯವನು, ಬಂದು ಎಷ್ಟು ವರ್ಷ ಆಯಿತು, ಮಂಚೂ ಮತ್ತು ಚೀನೀ ಎರಡರಲ್ಲೂ. ಮುಖ್ಯ ಸಾಲು, ಇವನು ಇನ್ನೆಂದೂ ಪಶ್ಚಿಮಕ್ಕೆ ಮರಳುವುದಿಲ್ಲ. ರಿಚ್ಚಿಯ ದಾರಿಯಲ್ಲಿ ನಡೆಯುತ್ತೇನೆ ಅಂದವರಿಗೆ ಮಾತ್ರ ಚೀಟಿ. ಚೀಟಿ ಇಲ್ಲದವರು ಹೊರಡಿ. ಇತ್ತ ಟೂರ್ನೋನ್ 1707ರ ಆರಂಭದಲ್ಲಿ ನಾನ್‌ಜಿಂಗ್‌ನಿಂದ ಎದುರು ಆಜ್ಞೆ ಹೊರಡಿಸಿದ, ರಿಚ್ಚಿಯ ದಾರಿ ಅಂದವನು ಚರ್ಚಿನಿಂದ ಹೊರಗೆ ಅಂತ. ಅತ್ತ ಹೋದರೆ ಹುಲಿ, ಇತ್ತ ಬಂದರೆ ದರಿ.

ಆ ವಸಂತದಲ್ಲಿ ಸೂಜೌ ಊರಿಗೆ ಬಂದಿದ್ದ ಕಾಂಗ್‌ಷಿ ಪಾದ್ರಿಗಳಿಗೆ ಆಡಿದ ಮಾತು ನನಗೆ ಬಹಳ ಇಷ್ಟ. ಸಾರ ಹೇಳುತ್ತೇನೆ: ಪೋಪ್ ನಿಮ್ಮನ್ನು ವಾಪಸ್ ಕರೆದರೆ ನಾನು ಹೇಳುತ್ತೇನೆ, ಇವರು ಇಲ್ಲಿನ ನೀರು ಮಣ್ಣಿಗೆ ಒಗ್ಗಿಹೋಗಿದ್ದಾರೆ, ಕಳಿಸಲ್ಲ. ಇನ್ನೂ ಕಾಡಿದರೆ ಎಲ್ಲರ ತಲೆ ಮಾತ್ರ ಕಳಿಸುತ್ತೇನೆ. ತಮಾಷೆಯೋ, ಬೆದರಿಕೆಯೋ? ಎದುರು ನಿಂತವರಿಗೆ ನಗಲು ಧೈರ್ಯ ಬಂದಿರಲಾರದು.

ಟೂರ್ನೋನ್ ಕಥೆ ಮಕಾವ್‌ನಲ್ಲಿ ಮುಗಿಯಿತು. ಪೂರ್ವದ ಚರ್ಚಿನ ಮೇಲೆ ಹಕ್ಕು ತಮ್ಮ ರಾಜನದು ಎನ್ನುತ್ತಿದ್ದ ಪೋರ್ಚುಗೀಸರು ಆತನನ್ನು ಗೃಹಬಂಧನದಲ್ಲಿಟ್ಟರು. 1710ರ ಜೂನಿನಲ್ಲಿ ಅಲ್ಲೇ ಸತ್ತ.

ಕಾಂಗ್‌ಷಿ ಮಾತ್ರ ಇದರಲ್ಲೇನೋ ತಪ್ಪು ತಿಳಿವಳಿಕೆ ಇದೆ, ಪೋಪನಿಗೆ ಸರಿಯಾಗಿ ಹೇಳಿದರೆ ಸರಿಹೋಗುತ್ತದೆ ಅಂತ ನಂಬಿದ್ದ. 1706ರಲ್ಲಿ ಇಬ್ಬರು ಜೆಸುಯಿಟ್‌ರನ್ನು ರೋಮ್‌ಗೆ ಕಳಿಸಿದ. 1708ರಲ್ಲಿ ಪೋರ್ಚುಗಲ್ ಕರಾವಳಿಯಲ್ಲಿ ಮುಳುಗಿ ಸತ್ತರು. ಅದೇ ವರ್ಷ ಇನ್ನಿಬ್ಬರು ಹೊರಟರು. ಒಬ್ಬ ಸ್ಪೇನಿನಲ್ಲಿ ಸತ್ತ, ಇನ್ನೊಬ್ಬ ಪ್ರೊವಾನಾ ಇಟಲಿಯಲ್ಲಿ ವರ್ಷಗಟ್ಟಲೆ ಸಿಕ್ಕಿಕೊಂಡ. ಹತ್ತು ವರ್ಷವಾದರೂ ಉತ್ತರ ಇಲ್ಲ. 1716ರ ಅಕ್ಟೋಬರ್ 31ರಂದು ಕಾಂಗ್‌ಷಿ ಮಂಚೂ, ಚೀನೀ, ಲ್ಯಾಟಿನ್ ಮೂರರಲ್ಲೂ ಒಂದು ಪತ್ರ ಅಚ್ಚು ಹಾಕಿಸಿದ. ಅಕ್ಷರವೆಲ್ಲ ಕೆಂಪು. ಅದನ್ನು ಪಶ್ಚಿಮಕ್ಕೆ ಹೋಗುವ ಹಡಗಿನವರ ಕೈಗೆ ಕೊಡಿಸಿದ. ನನ್ನ ದೂತರು ಏನಾದರು? ಅವರು ಬಂದು ಹೇಳುವವರೆಗೆ ಬೇರೆ ಯಾವ ಮಾತನ್ನೂ ನಂಬುವುದಿಲ್ಲ. ಭೂಮಿಯ ಮೇಲಿನ ಅತಿ ದೊಡ್ಡ ಸಾಮ್ರಾಜ್ಯಗಳಲ್ಲೊಂದರ ಒಡೆಯ, ಕಳೆದುಹೋದವರಿಗಾಗಿ ಕರಪತ್ರ ಹಂಚಿಸುತ್ತಿದ್ದ.

ಪ್ರೊವಾನಾ ಹೊರಟ, ಆದರೆ 1720ರಲ್ಲಿ ಗುಡ್ ಹೋಪ್ ಭೂಶಿರದ ಹತ್ತಿರ ಹಡಗಿನಲ್ಲೇ ಸತ್ತ. ಆತನ ಸಂಗಡ ಹೋಗಿದ್ದ ಚೀನೀ ಯುವಕ ಫಾನ್ ಷೌಯಿ ಹೆಣವನ್ನು ಗುವಾಂಗ್‌ಝೌಗೆ ತಂದ. ಕಾಂಗ್‌ಷಿ ಆತನನ್ನು ಕರೆಸಿ ವಿಚಾರಿಸಿದ. ಯುರೋಪ್ ನೋಡಿ ಬಂದು ಚೀನೀಯಲ್ಲಿ ಬರೆದಿಟ್ಟ ಮೊದಮೊದಲಿಗರಲ್ಲಿ ಫಾನ್ ಒಬ್ಬ. ಇಂಥವರ ದನಿ ಕಡತದಲ್ಲಿ ಸಿಗುವುದು ಅಪರೂಪ. ಸ್ಪೆನ್ಸ್ 1988ರಲ್ಲಿ ಜಾನ್ ಹೂ ಎಂಬ ಇನ್ನೊಬ್ಬ ಗುವಾಂಗ್‌ಝೌನವನ ಬಗ್ಗೆ ಬರೆದರು. ಫೂಕೆ ಎಂಬ ಜೆಸುಯಿಟ್ ನಕಲು ಕೆಲಸಕ್ಕೆ ಅಂತ ಫ್ರಾನ್ಸಿಗೆ ಕರೆದೊಯ್ದವನು. ಹುಚ್ಚ ಅಂತ ಷಾರಾಂಟೋನ್ ಆಸ್ಪತ್ರೆಯಲ್ಲಿ ಎರಡು ವರ್ಷಕ್ಕೂ ಜಾಸ್ತಿ ಕೂಡಿಹಾಕಿದರು. ಅವನ ಬಗ್ಗೆ ಇರುವುದೆಲ್ಲ ಹೆಚ್ಚಾಗಿ ಕೂಡಿಹಾಕಿದವರ ಕಡೆಯ ಕಾಗದ.

ಇಷ್ಟರಲ್ಲಿ 1715ರಲ್ಲೇ ಪೋಪ್ ಇನ್ನೂ ಬಿಗಿಯಾದ ಆಜ್ಞೆ ಹೊರಡಿಸಿದ್ದ. ಆ ಆಚರಣೆಗಳಿಗೆ ಒಪ್ಪುವುದಿಲ್ಲ ಅಂತ ಪಾದ್ರಿಗಳೆಲ್ಲ ಪ್ರಮಾಣ ಮಾಡಬೇಕು. ಅದನ್ನು ಮೃದುಮಾಡಿ ಹೇಳಲು 1720ರಲ್ಲಿ ಮೆಜ್ಜಾಬಾರ್ಬಾ ಎಂಬ ಎರಡನೇ ದೂತ ಬಂದ. ಕಾಂಗ್‌ಷಿ ಅವನಿಗೆ ಊಟ ಹಾಕಿಸಿದ, ಹತ್ತಾರು ಸಲ ಕರೆದು ಮಾತಾಡಿಸಿದ. ಕೊನೆಗೆ ಪೋಪನ ಆಜ್ಞೆಯ ಚೀನೀ ಅನುವಾದ ಕೈಗೆ ಬಂತು. ಓದಿದ. ಕೆಂಪು ಶಾಯಿಯಲ್ಲಿ ಬರೆದ. ಸಾರ ಇದು: ಇದನ್ನು ಓದಿದರೆ ಪಶ್ಚಿಮದವರು ಸಣ್ಣ ಜನ ಅನ್ನಬೇಕಷ್ಟೆ. ಚೀನೀ ಪುಸ್ತಕ ಬಲ್ಲವನು ಅವರಲ್ಲಿ ಒಬ್ಬನೂ ಇಲ್ಲ. ಭಿಕ್ಷುಗಳ, ದಾವ್‌ನವರ ಸಣ್ಣ ಪಂಥಗಳ ಹಾಗೇ ಇದೆ. ಇನ್ನು ಮುಂದೆ ಇವರು ಇಲ್ಲಿ ಧರ್ಮ ಸಾರುವುದು ಬೇಡ, ತಂಟೆ ತಪ್ಪಲಿ. 1692ರಲ್ಲಿ ಭಿಕ್ಷುಗಳ ಸಾಲಿನಲ್ಲಿ ಕೂರಿಸಿದ್ದು ಉಪಕಾರ ಆಗಿತ್ತು. 1721ರಲ್ಲಿ ಅದೇ ಸಾಲು ಬೈಗುಳ ಆಯಿತು.

ಈ ಹಾಳೆಯೇ ಸೇರಿದಂತೆ ಕಾಂಗ್‌ಷಿ ಮತ್ತು ರೋಮ್ ದೂತರ ನಡುವಿನ 14 ಕಾಗದಗಳನ್ನು ಇದ್ದ ಹಾಗೇ ಅಚ್ಚು ಹಾಕಿಸಿದವರು ಛೆನ್ ಯುವಾನ್ ಎಂಬ ಚೀನೀ ಇತಿಹಾಸಕಾರರು, 1932ರಲ್ಲಿ. ಆಗ ಅವರು ಬೀಜಿಂಗಿನ ಕ್ಯಾಥೊಲಿಕ್ ವಿಶ್ವವಿದ್ಯಾಲಯವೊಂದರ ಮುಖ್ಯಸ್ಥರು. ಅಲ್ಲಿಯವರೆಗೆ ಈ ಜಗಳ ಜಗತ್ತಿಗೆ ಗೊತ್ತಿದ್ದದ್ದು ಬಹುಪಾಲು ಪಾದ್ರಿಗಳ ಬಾಯಿಂದ.

ಆದರೂ ಕಾಂಗ್‌ಷಿ 1721ರ ಆ ಸಾಲನ್ನು ಕಟ್ಟುನಿಟ್ಟಾಗಿ ಜಾರಿ ಮಾಡಲಿಲ್ಲ. ಮುದುಕನಾಗಿದ್ದ. ಮುಂದಿನ ವರ್ಷ ಸತ್ತ. ಜಾರಿ ಮಾಡಿದವನು ಮಗ. ಯೊಂಗ್‌ಜೆಂಗ್‌ಗೆ ಸ್ವಂತ ಕಾರಣವೂ ಇತ್ತು. ಪಟ್ಟಕ್ಕಾಗಿ ಅಣ್ಣತಮ್ಮಂದಿರ ಕಾದಾಟದಲ್ಲಿ ಮೊರಾವ್ ಎಂಬ ಪೋರ್ಚುಗೀಸ್ ಜೆಸುಯಿಟ್ ಒಂಬತ್ತನೇ ರಾಜಕುಮಾರನ ಕಡೆ ಇದ್ದ. ಸುನು ಎಂಬ ಮಂಚೂ ರಾಜಬಂಧು ಎಂಟನೆಯವನ ಕಡೆ ಇದ್ದ, ಅವನ ಮಕ್ಕಳು ಕ್ರೈಸ್ತರಾಗಿದ್ದರು. ಸುನು ಮನೆತನ ಗಡಿಪಾರಾಯಿತು. ಮೊರಾವ್ 1726ರಲ್ಲಿ ಸತ್ತದ್ದು ಮರಣದಂಡನೆಯಿಂದ. 1723ರಲ್ಲಿ ಫೂಜಿಯನ್‌ನ ಫೂಆನ್‌ನಿಂದ ಡೊಮಿನಿಕನ್‌ರ ಮೇಲೆ ದೂರು ಬಂದದ್ದೇ ನೆಪವಾಯಿತು. 1724ರ ಆರಂಭದಲ್ಲಿ ದೇಶಕ್ಕೆಲ್ಲ ನಿಷೇಧ ಬಂತು. ಬೀಜಿಂಗಿನಲ್ಲಿ ಪಂಚಾಂಗ, ಚಿತ್ರ, ಗಡಿಯಾರದ ಕೆಲಸ ಮಾಡುವವರು ಇರಬಹುದು, ಮಿಕ್ಕವರೆಲ್ಲ ಗುವಾಂಗ್‌ಝೌಗೆ, ಆಮೇಲೆ ಮಕಾವ್‌ಗೆ. ಹಾಂಗ್‌ಝೌನ ಚರ್ಚು 1730ರಲ್ಲಿ ಕಡಲ ದೇವತೆ ತಿಯನ್‌ಹೌಳ ಗುಡಿಯಾಯಿತು. 1692ರ ಆಜ್ಞೆಗೆ ಕಾರಣವಾದ ಊರು ಅದೇ.

1724ರಲ್ಲಿ ಯೊಂಗ್‌ಜೆಂಗ್ ಜೆಸುಯಿಟ್‌ರನ್ನು ಕರೆದು ಆಡಿದ್ದನ್ನು ಅವರೇ ಬರೆದಿಟ್ಟಿದ್ದಾರೆ. ನಾನು ಒಂದು ಗುಂಪು ಭಿಕ್ಷುಗಳನ್ನು, ಲಾಮಾಗಳನ್ನು ನಿಮ್ಮ ದೇಶಕ್ಕೆ ಕಳಿಸಿದರೆ ಏನನ್ನುತ್ತೀರಿ ಅಂತ ಕೇಳಿದನಂತೆ. ನಿಮ್ಮವರಾದ ಜನ ನಿಮ್ಮ ಮಾತು ಬಿಟ್ಟು ಯಾರದ್ದನ್ನೂ ಕೇಳುವುದಿಲ್ಲ. ಈಗ ಭಯವಿಲ್ಲ, ಸಾವಿರ ಹಡಗು ಬಂದ ದಿನ ಗಲಾಟೆ ಆಗುತ್ತದೆ. ಬ್ರಿಟಿಷರ ಅಫೀಮು ಯುದ್ಧದ ಹಡಗು ಬಂದದ್ದು ಇನ್ನೂ 115 ವರ್ಷ ಕಳೆದು, 1839–40ರಲ್ಲಿ.

ರೋಮ್ ಏನು ಮಾಡಿತು ಎಂಬುದು ಉಳಿಯಿತು. 1742ರಲ್ಲಿ ಚೀನಾದ ಆಚರಣೆಗಳಿಗೆ, 1744ರಲ್ಲಿ ನಮ್ಮ ಕಡೆಯವಕ್ಕೆ ಪೋಪ್ ಹದಿನಾಲ್ಕನೇ ಬೆನೆಡಿಕ್ಟ್ ಕೊನೆಯ ಮೊಹರು ಒತ್ತಿದ. ಇನ್ನು ಈ ಮಾತು ಎತ್ತಕೂಡದು ಅಂತಾಯಿತು. ಎರಡು ಶತಮಾನ ಹಾಗೇ ಉಳಿಯಿತು. ಬದಲಾದದ್ದು ಒಂದು ವಿಚಿತ್ರ ಜಾಗದಿಂದ. 1930ರ ದಶಕದಲ್ಲಿ ಜಪಾನ್ ಈಶಾನ್ಯ ಚೀನಾ ಹಿಡಿದು ಮಂಚುಕುವೊ ಎಂಬ ಬೊಂಬೆ ದೇಶ ಮಾಡಿತು. ಅಲ್ಲಿ ಶಾಲೆ ಮಕ್ಕಳೆಲ್ಲ ಕನ್‌ಫ್ಯೂಷಿಯಸ್‌ಗೆ ತಲೆಬಾಗಬೇಕಿತ್ತು. ಇದು ಪೂಜೆಯೇ ಅಂತ ಬಿಷಪ್‌ಗಳು ಸರ್ಕಾರವನ್ನು ಕೇಳಿದರು. ಅಲ್ಲ, ಬರೀ ಮರ್ಯಾದೆ ಅಂತ ಸರ್ಕಾರ ಬರೆದುಕೊಟ್ಟಿತು. ಆ ಕಾಗದ ನಂಬಿ 1935ರಲ್ಲಿ ರೋಮ್ ಅಲ್ಲಿ ಒಪ್ಪಿಗೆ ಕೊಟ್ಟಿತು. 1939ರ ಡಿಸೆಂಬರ್ 8ರಂದು ಇಡೀ ಚೀನಾಕ್ಕೆ ಕೊಟ್ಟಿತು. 1940ರಲ್ಲಿ ಭಾರತದ ಪಾದ್ರಿಗಳು ಮಾಡಬೇಕಿದ್ದ ಪ್ರಮಾಣವೂ ಹೋಯಿತು. 1700ರ ನವೆಂಬರ್ 30ರಂದು ಕಾಂಗ್‌ಷಿ ಬರೆದುಕೊಟ್ಟದ್ದೂ ಅದೇ 'ಬರೀ ಮರ್ಯಾದೆ' ಎಂಬ ಮಾತು. ಅಂದ ಹಾಗೆ, 1935ರಲ್ಲಿ ಮಂಚುಕುವೊದ ಸಿಂಹಾಸನದ ಮೇಲೆ ಜಪಾನೀಯರು ಕೂರಿಸಿದ್ದ ಪೂಯಿ ಚಿಂಗ್ ವಂಶದ ಕೊನೆಯ ಚಕ್ರವರ್ತಿ, ಕಾಂಗ್‌ಷಿಯದೇ ಕುಡಿ.